ಒರಿಕ್ಟಿಸ್, ಒರೈಜಾ, ಒರಿಕ್ಸ್: ಹೆಸರು ಹತ್ತಿರ, ನಂಟು ದೂರ

ಪ್ರಶ್ನೆ: ನಮ್ಮ ತೆಂಗಿನ ಸಸಿಗಳಿಗೆ ಕುರುವಾಯಿ ಕಾಟ ಜಾಸ್ತಿಯಾಗಿದೆ. ಮಗಳು ಕೃಷಿ ಕಾಲೇಜಿನಲ್ಲಿ ಓದುತ್ತಿದ್ದಾಳೆ, ಆ ದುಂಬಿಯ ಹೆಸರು ಒರಿಕ್ಟಿಸ್ ರೈನೋಸರಸ್ ಅಂದಳು. ಭತ್ತಕ್ಕೆ ಒರೈಜಾ ಅಂತಾರಲ್ವಾ? ಹಾಗಾದರೆ ಒರಿಕ್ಟಿಸ್ ಅಂದರೆ ಅಕ್ಕಿಯ ಹುಳ ಅಂತಲಾ? ತೋಟದ ಕೆಳಗೇ ಗದ್ದೆ ಇದೆ, ಅದಕ್ಕೇ ಕೇಳಿದೆ.
– ಓದುಗರು, ಬಂಟ್ವಾಳ

ಉತ್ತರ: ಗದ್ದೆಯ ಬಗ್ಗೆ ಹೆದರಬೇಡಿ, ಕುರುವಾಯಿಗೆ ಭತ್ತ ಬೇಡ. ಎರಡೂ ಗ್ರೀಕ್ ಮೂಲದ ಹೆಸರುಗಳು, ಅಷ್ಟೇ. ಒರಿಕ್ಟಿಸ್ ಅಂದರೆ ಅಗೆಯುವವನು, ತೋಡುವವನು. ಒರೈಜಾ ಅಂದರೆ ಅಕ್ಕಿ. ಇಂಗ್ಲಿಷಿನ ರೈಸ್ ಕೂಡ ಸುತ್ತಿ ಬಳಸಿ ಈ ಒರೈಜಾದಿಂದಲೇ ಹುಟ್ಟಿದ್ದು. ಗ್ರೀಕರ ಊಟಕ್ಕೆ ಅಕ್ಕಿ ಪೂರ್ವದಿಂದ ಹೋಯಿತು, ಹೆಸರೂ ಜೊತೆಗೇ ಹೋಗಿರಬೇಕು ಅಂತ ಭಾಷೆ ಬಲ್ಲವರು ಹೇಳುತ್ತಾರೆ. ಅದು ತಮಿಳಿನ ಅರಿಸಿ ಅನ್ನುವವರಿದ್ದಾರೆ, ಸಂಸ್ಕೃತದ ವ್ರೀಹಿಗೆ ನಂಟಿರುವ ಇರಾನಿನ ಯಾವುದೋ ಮಾತು ಅನ್ನುವವರೂ ಇದ್ದಾರೆ. ದುಂಬಿಗೆ ಈ ಯಾವ ಸಂಬಂಧವೂ ಇಲ್ಲ.

ಅದರ ಕೆಲಸ ಅಗೆಯುವುದು, ಮತ್ತು ಅದನ್ನು ಬಹಳ ಚೆನ್ನಾಗಿಯೇ ಮಾಡುತ್ತದೆ. ರಾತ್ರಿ ಹಾರಿ ಬಂದು ಮಡಲಿನ ಬುಡದ ಸಂದಿಯಲ್ಲಿ ಕೂತು, ಒಳಗಿನ ಎಳೆ ಸುಳಿಯತ್ತ ಕೊರೆಯುತ್ತಾ ಹೋಗುತ್ತದೆ. ನಾರನ್ನು ಅಗಿದು ರಸ ಹೀರಿ, ಉಳಿದ ಚರಟವನ್ನು ತೂತಿನ ಬಾಯಿಗೆ ತಳ್ಳುತ್ತದೆ. ಸುಳಿಯ ಬುಡದಲ್ಲಿ ಒದ್ದೆ ನಾರಿನ ಮುದ್ದೆ ಕಂಡರೆ ದುಂಬಿ ಒಳಗೇ ಇರಬಹುದು, ಕೊಕ್ಕೆ ಹಾಕಿ ತೆಗೆಯಬೇಕು. ಬಿಚ್ಚದ ಗರಿ ಒಳಗೆ ಮಡಿಸಿಕೊಂಡೇ ಇರುತ್ತದಲ್ಲ, ಹಾಗಾಗಿ ಒಂದೇ ತೂತು ಎಷ್ಟೋ ಮಡಿಕೆಗಳನ್ನು ದಾಟಿಬಿಡುತ್ತದೆ, ಮುಂದೆ ಆ ಗರಿ ಬಿಚ್ಚಿಕೊಂಡಾಗ ಎರಡೂ ಕಡೆ ಕತ್ತರಿ ಹಾಕಿ ತ್ರಿಕೋನ ತೆಗೆದ ಹಾಗೆ ಕಾಣುತ್ತದೆ. ಅಂದರೆ ಗರಿಯಲ್ಲಿ ತ್ರಿಕೋನ ಕಾಣುವ ಹೊತ್ತಿಗೆ ದುಂಬಿ ತನ್ನ ಕೆಲಸ ಮುಗಿಸಿ ಹೋಗಿ ಬಹಳ ದಿನ ಆಗಿರುತ್ತದೆ. ಬಿಚ್ಚಿದ ಗರಿ ನೋಡಿ ಔಷಧಿ ಹುಡುಕುವುದಕ್ಕಿಂತ ಸುಳಿ ನೋಡುವ ಅಭ್ಯಾಸ ಮಾಡಿಕೊಳ್ಳಿ ಅಂತ ನಾನು ಎಲ್ಲರಿಗೂ ಹೇಳುವುದು ಅದಕ್ಕೇ. ಸಸಿಗಳಾದರೆ ಸುಳಿಯ ಪಕ್ಕದ ಸಂದಿಗಳಲ್ಲಿ 3 ನುಸಿಗುಳಿಗೆ ಇಟ್ಟು ಮೇಲೆ ಮರಳು ಮುಚ್ಚಿ, 45 ದಿನಕ್ಕೊಮ್ಮೆ ಬದಲಿಸಿ. ನುಸಿಗುಳಿಗೆ ಬೇಡ ಅನ್ನುವವರು ಬೇವಿನ ಹಿಂಡಿಗೆ ಮರಳು ಬೆರೆಸಿ ತುಂಬಬಹುದು.

ಹೆಸರಿನ ಎರಡನೇ ಭಾಗವೂ ಗ್ರೀಕೇ. ರೈನೋ ಅಂದರೆ ಮೂಗು, ಸರಸ್ ಅನ್ನೋದು ಕೊಂಬು. 1758ರಲ್ಲಿ ಸ್ವೀಡನ್ನಿನ ಜೀವವಿಜ್ಞಾನಿ ಲಿನೇಯಸ್ ಇಟ್ಟ ಹೆಸರು ಅದು, ಒರಿಕ್ಟಿಸ್ ಅನ್ನೋ ಕುಲದ ಹೆಸರು ಆಮೇಲೆ ಸೇರಿತು. ಸಿಕ್ಕ ದುಂಬಿಯನ್ನು ಒಮ್ಮೆ ಅಂಗೈಯಲ್ಲಿಟ್ಟು ನೋಡಿ. ಗಂಡಿಗೆ ಕೊಂಬು ಉದ್ದ. ಹೆಣ್ಣಿಗೆ ಕೊಂಬು ಗಿಡ್ಡ, ಹಿಂಭಾಗದ ತುದಿಯಲ್ಲಿ ಕೆಂಚು ಕೂದಲು ದಟ್ಟವಾಗಿರುತ್ತದೆ. ಆಫ್ರಿಕಾದ ತೆಂಗಿಗೆ ಬೀಳುವ ದಾಯಾದಿ ಒರಿಕ್ಟಿಸ್ ಮೊನೊಸರಸ್, ಅಂದರೆ ಒಂಟಿಕೊಂಬಿನದು. ಯುರೋಪಿನದು ಒರಿಕ್ಟಿಸ್ ನಾಸಿಕಾರ್ನಿಸ್, ಲ್ಯಾಟಿನ್‌ನಲ್ಲಿ ಮತ್ತೆ ಅದೇ ಮೂಗುಕೊಂಬು. ನಮ್ಮ ನಾಸಿಕವೂ ಆ ನಾಸಿಯೂ ಒಂದೇ ಬೇರಿನವು. ಯುರೋಪಿನ ಆ ದುಂಬಿ ಕೊಳೆತ ಮರ, ಗರಗಸದ ಹೊಟ್ಟಿನಲ್ಲಿ ಬೆಳೆಯುತ್ತದೆ, ಯಾರ ಬೆಳೆಗೂ ಬರುವುದಿಲ್ಲ, ಜರ್ಮನಿಯಲ್ಲಿ ಅದಕ್ಕೆ ಕಾನೂನಿನ ರಕ್ಷಣೆಯೇ ಇದೆ. ಒಂದೇ ಕುಲದಲ್ಲಿ ಇಷ್ಟು ವ್ಯತ್ಯಾಸ.

ಪ್ರಶ್ನೆ: ಅಕ್ಕಿ ಡಬ್ಬಿಯಲ್ಲಿ ಎರಡು ಥರದ ಹುಳ ಬರುತ್ತವೆ. ಒಂದಕ್ಕೆ ಸೊಂಡಿಲು ಇದೆ, ಇನ್ನೊಂದು ಚಪ್ಪಟೆ. ಇವುಗಳ ಹೆಸರಲ್ಲಾದರೂ ಅಕ್ಕಿ ಇದೆಯಾ?
– ಓದುಗರು, ಮಂಡ್ಯ

ಉತ್ತರ: ಎರಡರಲ್ಲೂ ಇದೆ. ಸೊಂಡಿಲಿನದು ಸಿಟೋಫಿಲಸ್ ಒರೈಜೆ, ಧಾನ್ಯಪ್ರಿಯ ಅಂತ ಅರ್ಥ, ಜೊತೆಗೆ ಅಕ್ಕಿಯ ಹೆಸರು. ಹೆಣ್ಣು ಸೊಂಡಿಲಿನಿಂದ ಕಾಳಿಗೆ ತೂತು ಕೊರೆದು ಒಳಗೆ ಮೊಟ್ಟೆ ಇಟ್ಟು ಬಾಯಿ ಮುಚ್ಚುತ್ತದೆ. ಮರಿ ಒಳಗೇ ತಿಂದು ದೊಡ್ಡದಾಗಿ ಹೊರಬರುತ್ತದೆ, ಆಗಲೇ ನಮಗೆ ತೂತು ಕಾಣುವುದು. ಹೊರಗೆ ಓಡಾಡುವ ಹುಳ ಆರಿಸಿ ಹಾಕಿದರೂ ವಾರ ಬಿಟ್ಟು ಮತ್ತೆ ಬರುವುದು ಹೀಗೆ.

ಚಪ್ಪಟೆಯದ್ದು ಒರೈಜೆಫಿಲಸ್ ಸುರಿನಾಮೆನ್ಸಿಸ್, ಅಕ್ಕಿಪ್ರಿಯ. ಸುಮಾರು 3 ಮಿಲಿಮೀಟರ್ ಉದ್ದ. ಭೂತಗನ್ನಡಿ ಇದ್ದರೆ ಕುತ್ತಿಗೆಯ ಹಿಂದಿನ ಭಾಗ ನೋಡಿ, ಅದರ ಎರಡೂ ಅಂಚಿನಲ್ಲಿ ಆರಾರು ಹಲ್ಲು ಗರಗಸದಂತೆ ಚಾಚಿರುತ್ತವೆ. ತುಂಬಾ ಚಂದ. ಹೆಸರು ಅಕ್ಕಿಪ್ರಿಯ ಅಂತಿದ್ದರೂ ಗಟ್ಟಿ ಕಾಳು ಇದಕ್ಕೆ ದಕ್ಕದು, ನುಚ್ಚು, ಹಿಟ್ಟು, ರವೆ, ಒಣದ್ರಾಕ್ಷಿ ಸಿಕ್ಕರೆ ಬಿಡುವುದಿಲ್ಲ. ಹಾಗಾಗಿ ಅಕ್ಕಿ ಜರಡಿ ಹಿಡಿದು ನುಚ್ಚು ಬೇರೆ ಮಾಡಿ ಇಟ್ಟರೆ ಇದರ ಕಾಟ ಕಡಿಮೆ. ಸೊಂಡಿಲಿನದಕ್ಕೆ ಮಾತ್ರ ಜರಡಿ ಸಾಲದು, ಚೆನ್ನಾಗಿ ಒಣಗಿಸಿ ಗಾಳಿಯಾಡದ ಡಬ್ಬಿಯಲ್ಲೇ ಇಡಬೇಕು.

ಪ್ರಶ್ನೆ: ಇಲ್ಲಿನ ವಿಮಾನದ ಬಾಲದ ಮೇಲಿರುವ ಒರಿಕ್ಸ್ ಅನ್ನೋ ಹೆಸರಿಗೂ ಒರಿಕ್ಟಿಸ್‌ಗೂ ಸಂಬಂಧ ಉಂಟಾ? ಸುಮ್ನೆ ಕುತೂಹಲ.
– ಓದುಗರು, ದೋಹಾ

ಉತ್ತರ: ಉಂಟು, ಇದೊಂದು ನಿಜವಾದ ನೆಂಟಸ್ತಿಕೆ. ಒರಿಕ್ಸ್ ಅಂದರೆ ಗ್ರೀಕಿನಲ್ಲಿ ಗುದ್ದಲಿಯಂಥ ಚೂಪು ಹತಾರ. ಅಗೆಯುವುದು ಅನ್ನೋ ಅದೇ ಧಾತು. ಜಿಂಕೆಯಂತೆ ಕಾಣುವ ಆ ಪ್ರಾಣಿಯ ನೆಟ್ಟನೆ ಚೂಪು ಕೊಂಬು ನೋಡಿ ಇಟ್ಟದ್ದು. ನಿಮ್ಮ ಕತಾರಿನ ರಾಷ್ಟ್ರಪ್ರಾಣಿ ಅರೇಬಿಯನ್ ಒರಿಕ್ಸ್ 1972ರಲ್ಲಿ ಕಾಡಿನಲ್ಲಿ ಪೂರ್ತಿ ಇಲ್ಲವಾಗಿತ್ತು. ಸಾಕಿ ಬೆಳೆಸಿದವನ್ನು 1982ರಲ್ಲಿ ಒಮಾನಿನ ಮರುಭೂಮಿಗೆ ಬಿಟ್ಟು ಮತ್ತೆ ನೆಲೆಗೊಳಿಸಲು ಶುರುಮಾಡಿದರು. ಗೂಡಿನಲ್ಲಿ ಸಾಕುವ ಮೊಲವೂ ಇದೇ ಧಾತುವಿನದು. ಅದು ಒರಿಕ್ಟೊಲಾಗಸ್, ಅಗೆಯುವ ಮೊಲ, ಬಿಲ ತೋಡುತ್ತದೆ. ನಮ್ಮ ಕಾಡುಮೊಲ ಬೇರೆ ಕುಲ. ಅದು ಬಿಲ ತೋಡದೆ ಹುಲ್ಲಿನ ಮರೆಯಲ್ಲೇ ಇರುತ್ತದೆ, ಹೆಸರಲ್ಲೂ ಅಗೆತ ಇಲ್ಲ.

ಪ್ರಶ್ನೆ: ರೈನೋಸರಸ್ ದುಂಬಿ, ರಿಂಕೋಫೋರಸ್ ಎರಡೂ ಒಂದೇನಾ? ಒಬ್ಬರು ಒಂದು ಹೇಳ್ತಾರೆ. ತೋಟದಲ್ಲಿ ಎರಡು ಮರದ ಸುಳಿ ಬಾಗಿದೆ.
– ಓದುಗರು, ತಿಪಟೂರು

ಉತ್ತರ: ಒಂದೇ ಅಲ್ಲ, ಇದನ್ನು ದಯವಿಟ್ಟು ಬೇರೆ ಮಾಡಿಕೊಳ್ಳಿ, ಮರ ಉಳಿಯುವುದು ಇದರ ಮೇಲಿದೆ. ರಿಂಕೋಸ್ ಅಂದರೆ ಮೂತಿ, ಫೋರಸ್ ಅಂದರೆ ಹೊತ್ತವನು. ರಿಂಕೋಫೋರಸ್ ಫೆರುಜಿನಿಯಸ್ ಅಂದರೆ ತುಕ್ಕುಬಣ್ಣದ ಮೂತಿಹುಳು, ನೀವು ಕೆಂಪುಮೂತಿ ಹುಳು ಅನ್ನೋದು.

ಕಪ್ಪು ದುಂಬಿಯಲ್ಲಿ, ಅಂದರೆ ರೈನೋಸರಸ್‌ನಲ್ಲಿ, ಮರಕ್ಕೆ ಕಾಟ ಕೊಡುವುದು ಬೆಳೆದ ದುಂಬಿ. ಅದರ ಮರಿ ತಿಪ್ಪೆ, ಗೊಬ್ಬರದ ಗುಂಡಿ, ಕೊಳೆತ ತೆಂಗಿನ ಬೊಡ್ಡೆಯಲ್ಲಿ ಬೆಳೆಯುತ್ತದೆ. ಕೆಂಪುಮೂತಿಯಲ್ಲಿ ತಿರುಗುಮುರುಗು. ಮರಿಯೇ ಕಾಂಡದ ಒಳಗಿದ್ದು ತಿರುಳು ತಿನ್ನುತ್ತದೆ. ಮರಿಗಳನ್ನು ಗುರುತಿಸುವುದು ಸುಲಭ: ಗೊಬ್ಬರದಲ್ಲಿ ಸುರುಟಿಕೊಂಡು ಮಲಗುವ ಬಿಳಿ ಗೊಣ್ಣೆಹುಳಕ್ಕೆ ಮುಂದೆ ಆರು ಕಾಲಿರುತ್ತವೆ, ಕೆಂಪುಮೂತಿಯ ಮರಿಗೆ ಕಾಲೇ ಇಲ್ಲ. ಕಾಂಡದ ತೂತಿನಿಂದ ಕಂದು ರಸ ಸೋರುತ್ತಿದೆಯಾ ನೋಡಿ, ಕಾಂಡಕ್ಕೆ ಕಿವಿ ಇಟ್ಟು ಕರಕರ ಅನ್ನುತ್ತಾ ಕೇಳಿ. ಹಾಗಿದ್ದರೆ ಕೆಂಪುಮೂತಿ. ಸುಳಿ ಬಾಗಿದ್ದರೆ ತಡ ಮಾಡದೆ ತೋಟಗಾರಿಕೆ ಇಲಾಖೆಯವರನ್ನು ಮರದ ಬುಡಕ್ಕೇ ಕರೆಸಿ.

ಇಬ್ಬರನ್ನೂ ಜೊತೆಗೇ ಯೋಚಿಸಬೇಕಾದ ಕಾರಣವೂ ಇದೆ. ಕಪ್ಪು ದುಂಬಿ ಕೊರೆದ ಗಾಯದಲ್ಲೇ ಕೆಂಪುಮೂತಿ ಮೊಟ್ಟೆ ಇಡುವುದುಂಟು. ಹಾಗಾಗಿ ಗೊಬ್ಬರದ ಗುಂಡಿ ಆಗಾಗ ಮಗುಚಿ ಗೊಣ್ಣೆಹುಳ ಆರಿಸಿ, ಸತ್ತ ಮರದ ಬೊಡ್ಡೆ ತೋಟದಲ್ಲಿ ಬಿಡಬೇಡಿ. ಮೆಟರೈಜಿಯಂ ಅನ್ನೋ ಹಸಿರು ಶಿಲೀಂಧ್ರವನ್ನು ಗುಂಡಿಗೆ ಬೆರೆಸಿದರೆ ಮರಿಗಳಿಗೆ ರೋಗ ಬಂದು ಸಾಯುತ್ತವೆ. ಸಮೋವಾ ದ್ವೀಪಕ್ಕೆ 1909ರಲ್ಲಿ ಸಿಲೋನಿನ ರಬ್ಬರ್ ಸಸಿಗಳ ಜೊತೆ ಈ ದುಂಬಿ ಹೋಗಿ ತೆಂಗು ಹಾಳು ಮಾಡಿತ್ತು. ಅಲ್ಲಿ ಇದನ್ನು ತಗ್ಗಿಸಿದ್ದು 1963ರಲ್ಲಿ ಮಲೇಷ್ಯಾದಲ್ಲಿ ಪತ್ತೆಯಾದ ಒಂದು ವೈರಸ್, 1967ರಲ್ಲಿ ಅದನ್ನು ಸಮೋವಾದಲ್ಲಿ ಬಿಟ್ಟರು.

ಇನ್ನು ಬಲೆ. ಎರಡಕ್ಕೂ ಬಕೆಟ್ ಬಲೆ ಇದೆ, ಒಳಗೆ ತೂಗುಹಾಕುವ ವಾಸನೆಯ ಮದ್ದು ಮಾತ್ರ ಬೇರೆ ಬೇರೆ. ಒಂದರ ಮದ್ದಿಗೆ ಇನ್ನೊಂದು ಬರುವುದಿಲ್ಲ. ಅಂಗಡಿಯಲ್ಲಿ ತೆಂಗಿನ ಹುಳದ್ದು ಕೊಡಿ ಅನ್ನಬೇಡಿ, ರೈನೋಸರಸ್‌ನದೋ ಕೆಂಪುಮೂತಿಯದೋ ಅಂತ ಬಿಡಿಸಿ ಹೇಳಿ, ಪೊಟ್ಟಣದ ಮೇಲಿನ ಹೆಸರು ಓದಿಯೇ ದುಡ್ಡು ಕೊಡಿ.