ನರಕೋಶದೊಳಗಿನ ಹೂಮಳೆ ಲೆಕ್ಕ

ಪ್ರಶ್ನೆ: ನಾನು ಪಿಯುಸಿ ಓದುತ್ತಿದ್ದೇನೆ. ನರಕೋಶಕ್ಕೆ ಸಂಕೇತ ಬಂದರೆ ಅದು ಮುಂದಿನ ಕೋಶಕ್ಕೆ ದಾಟಿಸುತ್ತದೆ ಅಂತ ಓದಿದೆ. ಆದರೆ ಒಂದೊಂದು ಕೋಶಕ್ಕೂ ಸಾವಿರಾರು ಕಡೆಯಿಂದ ಸಂಕೇತ ಬರುತ್ತಂತೆ. ಎಲ್ಲವನ್ನೂ ದಾಟಿಸಿದರೆ ತಲೆಯೊಳಗೆ ಸಂತೆ ಆಗುವುದಿಲ್ವಾ? ಯಾವುದನ್ನು ಕಳಿಸಬೇಕು ಅಂತ ತೀರ್ಮಾನ ಮಾಡುವವರು ಯಾರು?
(ವಿದ್ಯಾರ್ಥಿನಿ, ವಿರಾಜಪೇಟೆ)

ಉತ್ತರ: ಎಲ್ಲವನ್ನೂ ದಾಟಿಸಿದರೆ ಸಂತೆಯೇ ಆಗುತ್ತದೆ. ಅದಕ್ಕೇ ನರಕೋಶ ಸುಮ್ನೆ ದಾಟಿಸುವುದಿಲ್ಲ. ಬಂದದ್ದನ್ನು ಕೂಡುತ್ತದೆ, ಕಳೆಯುತ್ತದೆ, ಮೊತ್ತ ಒಂದು ಗೆರೆ ದಾಟಿದರೆ ಮಾತ್ರ ಬಾಯಿ ಬಿಡುತ್ತದೆ.

ನಿಮ್ಮ ಮನೆಯಲ್ಲಿ ಕಾಫಿ ತೋಟ ಇದೆಯೋ ಇಲ್ಲವೋ, ಕೊಡಗಿನಲ್ಲಿದ್ದ ಮೇಲೆ ಮಾರ್ಚ್ ತಿಂಗಳಲ್ಲಿ ಹೂಮಳೆಯ ಮಾತು ಕಿವಿಗೆ ಬಿದ್ದೇ ಇರುತ್ತದೆ. 'ನಿಮ್ಮಲ್ಲಿ ಎಷ್ಟು ಬಿತ್ತು?' '40 ಸೆಂಟ್.' 'ಅಯ್ಯೋ, ಸಾಲದು.' ನಮ್ಮ ಲೆಕ್ಕದಲ್ಲಿ 100 ಸೆಂಟ್ ಅಂದರೆ ಒಂದು ಇಂಚು. ಒಂದು ಇಂಚಿನ ಆಸುಪಾಸು ಒಟ್ಟಿಗೆ ಬಿದ್ದರೆ ಮಲಗಿದ್ದ ಮೊಗ್ಗುಗಳು ಎದ್ದು, ಎಂಟು ಹತ್ತು ದಿನದಲ್ಲಿ ತೋಟವಿಡೀ ಬೆಳ್ಳಗಾಗುತ್ತದೆ. ಅದೇ ವಾರಕ್ಕೊಮ್ಮೆ 20 ಸೆಂಟಿನಂತೆ ಐದು ವಾರ ಬಂದರೆ? ಕೂಡಿದರೆ ಅದೂ ಒಂದು ಇಂಚೇ. ಆದರೆ ಮೊದಲ ಹನಿ ಒಣಗಿ ಎಷ್ಟೋ ದಿನ ಆದ ಮೇಲೆ ಎರಡನೆಯದು ಬಂದರೆ ಏನು ಪ್ರಯೋಜನ!

ನರಕೋಶದ ಲೆಕ್ಕವೂ ಹೆಚ್ಚುಕಮ್ಮಿ ಹೀಗೇ. ಸುಮ್ಮನಿರುವಾಗ ಅದರ ಒಳಗು ಹೊರಗಿಗಿಂತ ಸುಮಾರು 70 ಮಿಲಿವೋಲ್ಟ್ ಕೆಳಗಿರುತ್ತದೆ, ಅಂದರೆ ಮೈನಸ್ 70. ಪಕ್ಕದ ಕೋಶದಿಂದ 'ಏಳು' ಅನ್ನುವ ರಾಸಾಯನಿಕ ಬಂದು ತಾಗಿದರೆ (ಮಿದುಳಿನಲ್ಲಿ ಇದು ಬಹುಪಾಲು ಗ್ಲುಟಮೇಟ್) ಸಣ್ಣ ಬಾಗಿಲುಗಳು ತೆರೆದು ಸ್ವಲ್ಪ ಸೋಡಿಯಂ ಒಳಗೆ ನುಗ್ಗುತ್ತದೆ, ಮಟ್ಟ ಒಂದಿಷ್ಟು ಮೇಲೇರುತ್ತದೆ. ಒಂದಿಷ್ಟು ಅಂದರೆ ಎಷ್ಟು? ಎಷ್ಟೋ ಸಲ ಅರ್ಧ ಮಿಲಿವೋಲ್ಟ್ ಕೂಡ ಇಲ್ಲ. ಕೋಶ ಸಿಡಿಯಬೇಕಾದರೆ, ಅಂದರೆ ತಾನೂ ಮುಂದಕ್ಕೆ ಸಂಕೇತ ಕಳಿಸಬೇಕಾದರೆ, ಮಟ್ಟ ಸುಮಾರು ಮೈನಸ್ 55ಕ್ಕೆ ಬರಬೇಕು. ಅಂದರೆ 15 ಮಿಲಿವೋಲ್ಟ್ ಏರಬೇಕು. ಒಂದೊಂದು ಸಂಕೇತಕ್ಕೆ 0.3 ಅಂತ ಹಿಡಿದರೆ 50 ಸಂಕೇತ ಒಟ್ಟಿಗೆ ಬೇಕು. (ನಿಜವಾದ ಕೋಶದಲ್ಲಿ ಕೂಡುವುದು ಇಷ್ಟು ನೇರ ಅಲ್ಲ, ಅಂದಾಜಿಗೆ ಇಷ್ಟು ಸಾಕು.)

ಒಟ್ಟಿಗೆ ಅನ್ನುವುದೇ ಮುಖ್ಯ. ಪ್ರತಿ ಏರಿಕೆಯೂ 10-20 ಮಿಲಿಸೆಕೆಂಡಿನಲ್ಲಿ ಸೋರಿಹೋಗುತ್ತದೆ, ತೂತು ಬಿದ್ದ ಕೊಡದೊಳಗಿನ ನೀರಿನ ಹಾಗೆ. ಆದ್ದರಿಂದ ಗೆರೆ ಮುಟ್ಟಲು ಎರಡು ದಾರಿ. ಬೇರೆಬೇರೆ ಕಡೆಯಿಂದ ಬಹಳಷ್ಟು ಸಂಕೇತ ಒಂದೇ ಗಳಿಗೆಯಲ್ಲಿ ಬರಬೇಕು. ಇಲ್ಲವೇ ಕೆಲವೇ ಕಡೆಯಿಂದ, ಹಿಂದಿನದು ಸೋರುವ ಮೊದಲೇ ಇನ್ನೊಂದು, ಅದರ ಬೆನ್ನಿಗೆ ಮತ್ತೊಂದು ಅಂತ ಪಟಪಟ ಬರಬೇಕು. ನಿಜ ಜೀವನದಲ್ಲಿ ಎರಡೂ ಕಲಸಿಕೊಂಡೇ ನಡೆಯುತ್ತದೆ.

ಹೂಮಳೆ ಹೋಲಿಕೆ ಇಲ್ಲಿಗೆ ಕುಂಟುತ್ತದೆ ನೋಡಿ. ಅರೆಬರೆ ಮಳೆಗೆ ಮೊಗ್ಗು ಹಾಳಾಗಬಹುದು, ನರಕೋಶಕ್ಕೆ ಅಂಥ ನಷ್ಟ ಏನೂ ಇಲ್ಲ, ಮೈನಸ್ 70ಕ್ಕೆ ಇಳಿದು ಮತ್ತೆ ಕಾಯುತ್ತದೆ. ಅದಕ್ಕಿಂತ ದೊಡ್ಡ ವ್ಯತ್ಯಾಸ ಇನ್ನೊಂದಿದೆ. ಬಿದ್ದ ಮಳೆಯನ್ನು ವಾಪಸ್ ಕಳಿಸುವ ಮೋಡ ಇಲ್ಲ, ನರಕೋಶಕ್ಕೆ 'ಬೇಡ' ಅನ್ನುವ ಸಂಕೇತಗಳೂ ಬರುತ್ತವೆ. ಗಾಬಾ, ಗ್ಲೈಸಿನ್ ಅನ್ನುವ ರಾಸಾಯನಿಕಗಳ ಕೆಲಸ ಅದು. ಅವು ಸಾಮಾನ್ಯವಾಗಿ ಕ್ಲೋರೈಡಿಗೆ ಬಾಗಿಲು ತೆರೆದು ಮಟ್ಟವನ್ನು ಮೇಲೇರದಂತೆ ಹಿಡಿಯುತ್ತವೆ ಅಥವಾ ಇನ್ನೂ ಕೆಳಕ್ಕೆ ಎಳೆಯುತ್ತವೆ. ಇಂಥ ಬಹಳಷ್ಟು 'ಬೇಡ'ಗಳು ಕೋಶದ ಹೊಟ್ಟೆಯ ಹತ್ತಿರವೇ ಕೂತಿರುತ್ತವೆ. ಕೋಶದಿಂದ ಕವಲೊಡೆದ ದೂರದ ಕೊಂಬೆಯ (ಡೆಂಡ್ರೈಟ್) ತುದಿಗೆ ಬಂದ 'ಏಳು' ಒಳಕ್ಕೆ ಹರಿಯುತ್ತಾ ಅರ್ಧ ಕರಗಿರುತ್ತದೆ, ಬಾಗಿಲಲ್ಲೇ ಕೂತವನ 'ಬೇಡ' ಜೋರಾಗಿ ಕೇಳುತ್ತದೆ. ನಮ್ಮ ಐನ್‌ಮನೆಗಳ ಹಾಗೆಯೇ ಅಲ್ವಾ, ಯಾರು ಏನಂದರು ಅನ್ನುವುದರಷ್ಟೇ ಎಲ್ಲಿ ಕೂತು ಅಂದರು ಅನ್ನುವುದೂ ಲೆಕ್ಕಕ್ಕೆ ಬರುತ್ತದೆ.

ತೀರ್ಮಾನ ಮಾಡುವವರು ಯಾರು ಅಂತ ಕೇಳಿದಿರಲ್ಲ, ಹೊರಗಿನವರು ಯಾರೂ ಇಲ್ಲ. ಆಕ್ಸಾನ್ ಅನ್ನುವ ಉದ್ದ ಬಾಲ ಕೋಶದಿಂದ ಹೊರಡುವ ಬುಡದಲ್ಲಿ, ಮಟ್ಟ ಏರಿದರೆ ತಾವಾಗಿ ತೆರೆಯುವ ಸೋಡಿಯಂ ಬಾಗಿಲುಗಳು ದಟ್ಟವಾಗಿರುತ್ತವೆ. ಕೂಡಿ ಕಳೆದು ಉಳಿದದ್ದು ಗೆರೆ ಮುಟ್ಟಿದರೆ ಒಂದು ಬಾಗಿಲು ತೆರೆದದ್ದಕ್ಕೆ ಪಕ್ಕದ್ದೂ ತೆರೆದು, ಅದಕ್ಕೆ ಅದರ ಪಕ್ಕದ್ದೂ ತೆರೆದು, ಸುಮಾರು ಒಂದು ಮಿಲಿಸೆಕೆಂಡಿನಲ್ಲಿ ಮಟ್ಟ ಪ್ಲಸ್ 30ರ ಆಚೀಚೆ ಹೋಗಿ ವಾಪಸ್ ಬೀಳುತ್ತದೆ. ಅದೇ ನರಾವೇಗ. ಗೆರೆಯನ್ನು ಕೂದಲೆಳೆಯಷ್ಟು ದಾಟಿದರೂ ಅಷ್ಟೇ, ಧಾರಾಳವಾಗಿ ದಾಟಿದರೂ ಅಷ್ಟೇ, ಸಿಡಿತದ ಎತ್ತರ ಒಂದೇ. ಹಾಗಾದರೆ ಜೋರು ಪೆಟ್ಟು, ಮೆಲ್ಲನೆ ಪೆಟ್ಟು ಅಂತ ಗೊತ್ತಾಗುವುದು ಹೇಗೆ? ಸೆಕೆಂಡಿಗೆ ಎಷ್ಟು ಸಲ ಸಿಡಿಯಿತು ಅನ್ನುವುದರಿಂದ. ಇದನ್ನು ತೋರಿಸಿಕೊಟ್ಟವರು ಎಡ್ಗರ್ ಏಡ್ರಿಯನ್. ಅವರಿಗೂ, ಎರಡು ನರಕೋಶಗಳು ಸಂಧಿಸುವ ಜಾಗಕ್ಕೆ ಸಿನಾಪ್ಸ್ ಅನ್ನುವ ಹೆಸರು ಕೊಟ್ಟ ಚಾರ್ಲ್ಸ್ ಶೆರಿಂಗ್ಟನ್‌ರಿಗೂ 1932ರಲ್ಲಿ ಒಟ್ಟಿಗೆ ನೊಬೆಲ್ ಬಂತು.

ನನಗೆ ಮಾತ್ರ ಇಷ್ಟ ಆಗುವುದು ಜಾನ್ ಎಕಲ್ಸ್ ಕತೆ. ಮಿದುಳು, ಬೆನ್ನುಹುರಿಗಳಲ್ಲಿ ಒಂದು ಕೋಶದಿಂದ ಇನ್ನೊಂದಕ್ಕೆ ಸುದ್ದಿ ದಾಟುವುದು ನೇರ ವಿದ್ಯುತ್ತಿನಿಂದಲೇ, ರಾಸಾಯನಿಕ ಅನ್ನುವುದೆಲ್ಲ ಸುಳ್ಳು ಅಂತ ವರ್ಷಗಟ್ಟಲೆ ವಾದ ಮಾಡಿದ ಮನುಷ್ಯ. 1951ರಲ್ಲಿ ನ್ಯೂಜಿಲೆಂಡಿನ ಡುನೆಡಿನ್‌ನಲ್ಲಿ ಜೊತೆಗಾರರೊಂದಿಗೆ ಬೆಕ್ಕಿನ ಬೆನ್ನುಹುರಿಯ ಒಂದು ನರಕೋಶದೊಳಗೆ ಅತಿ ಸಣ್ಣ ಗಾಜಿನ ಸೂಜಿ ಇಳಿಸಿ 'ಬೇಡ' ಸಂಕೇತವನ್ನು ಅಳೆದರು. ಮಟ್ಟ ಕೆಳಕ್ಕೆ ಹೋಯಿತು. ಅವರ ವಿದ್ಯುತ್ ವಾದ ನಿಜವಾಗಿದ್ದರೆ ಅದು ಮೇಲೆ ಹೋಗಬೇಕಿತ್ತು. ನಾನು ಹೇಳಿದ್ದು ತಪ್ಪು ಅಂತ ಅವರೇ ಒಪ್ಪಿಕೊಂಡರು. 1963ರಲ್ಲಿ ಹಾಡ್ಗ್‌ಕಿನ್, ಹಕ್ಸ್‌ಲಿ ಜೊತೆ ಅವರಿಗೂ ನೊಬೆಲ್ ಸಿಕ್ಕಿತು.

ಪ್ರಶ್ನೆ: ಹೋದ ವಾರ ಕಡಂಬುಟ್ಟು ಬೇಯಿಸಿದ ಪಾತ್ರೆ ಇಳಿಸುವಾಗ ಮಸಿಬಟ್ಟೆ ಜಾರಿ ಕೈ ಸುಟ್ಟಿತು. ಆದರೂ ಕೆಳಗಿಡುವವರೆಗೆ ಬಿಡಲಿಲ್ಲ. ಮೊನ್ನೆ ಬರೀ ಮುಚ್ಚಳ, ಅಷ್ಟೇನೂ ಬಿಸಿ ಇರಲಿಲ್ಲ, ಮುಟ್ಟಿದ ಕೂಡಲೇ ಕೈಯಿಂದ ಹಾರಿತು. ಇದೇನಿದು?
(ಗೃಹಿಣಿ, ನಾಪೋಕ್ಲು)

ಉತ್ತರ: ಮೊದಲು ಸುಟ್ಟ ಕೈ ಹೇಗಿದೆ? ಗುಳ್ಳೆ ಎದ್ದಿದ್ದರೆ ಒಡೆಯಬೇಡಿ.

ಮೇಲಿನ ಉತ್ತರವನ್ನೇ ನಿಮ್ಮ ಕೈಗೆ ಹಚ್ಚಿ ನೋಡೋಣ. ಬಿಸಿ ತಾಗಿದ ಸುದ್ದಿ ಬೆರಳಿನಿಂದ ಬೆನ್ನುಹುರಿಗೆ ಹೋಗುತ್ತದೆ. ಅಲ್ಲಿ ತೋಳಿನ ಸ್ನಾಯುವನ್ನು ಎಳೆಯುವ ನರಕೋಶಗಳಿವೆ, ಅವುಗಳ ಮೇಲೆ 'ಏಳು, ಎಳೆ' ಅನ್ನುವ ಸಂಕೇತಗಳು ಸುರಿಯುತ್ತವೆ. ಗೆರೆ ದಾಟಿತು, ಕೈ ಹಿಂದೆ ಬಂತು. ಇಷ್ಟಕ್ಕೆ ಮಿದುಳಿನ ಅಪ್ಪಣೆ ಬೇಕಿಲ್ಲ. ಮುಚ್ಚಳ ಹಾರಿದ್ದು ಹೀಗೆ. ನೀವು ಅದು ತಣ್ಣಗಿದೆ ಅಂದುಕೊಂಡಿದ್ದಿರಿ, ತಡೆಯುವ ಸಿದ್ಧತೆ ಯಾವುದೂ ಇರಲಿಲ್ಲ.

ಪಾತ್ರೆ ಇಳಿಸುವಾಗ ಹಾಗಲ್ಲ. ಇದು ಬಿದ್ದರೆ ಕುದಿನೀರು ಕಾಲ ಮೇಲೆ, ಕಡಂಬುಟ್ಟೆಲ್ಲ ನೆಲದ ಮೇಲೆ, ಇದು ನಿಮ್ಮ ಮಿದುಳಿಗೆ ಮೊದಲೇ ಗೊತ್ತು. ಅಲ್ಲಿಂದ ಕೆಳಗಿಳಿದ ಸಂಕೇತಗಳು ಅದೇ ದಾರಿಯ ಕೋಶಗಳ ಮೇಲೆ 'ಬೇಡ, ತಡಿ' ಅಂತ ಒತ್ತುತ್ತಿರುತ್ತವೆ. ಮೊತ್ತ ಗೆರೆಯ ಕೆಳಗೇ ಉಳಿಯುತ್ತದೆ. ಕಟ್ಟೆಯ ಮೇಲೆ ಪಾತ್ರೆ ಕೂತಿತು ಅನ್ನುವಾಗ ಆ ಒತ್ತು ಸಡಿಲುತ್ತದೆ, ಆಮೇಲೆ ಕೈ ಕೊಡವುವುದು, ಊದುವುದು, ಬೈಯುವುದು ಎಲ್ಲ. ನನಗೂ ಒಮ್ಮೆ ಹೀಗೇ ಆಗಿತ್ತು, ನೆಂಟರ ಮನೆಯಲ್ಲಿ. ಕೈಯಲ್ಲಿದ್ದದ್ದು ಪಂದಿ ಕರಿಯ ಪಾತ್ರೆ. ಬೀಳಿಸಿದ್ದರೆ ಆ ಮನೆಯವರು ಮತ್ತೆ ಊಟಕ್ಕೆ ಕರೆಯುತ್ತಿರಲಿಲ್ಲ.

ಪ್ರಶ್ನೆ: ಕಾಸರಕದ ಬೀಜ ತಿಂದರೆ ಮೈ ಬಿಲ್ಲಿನಂತೆ ಸೆಟೆದು ಸಾವು ಬರುತ್ತದೆ ಅಂತ ನಮ್ಮ ಅಜ್ಜ ಹೇಳುತ್ತಿದ್ದರು. ಧನುರ್ವಾಯುವಿನಲ್ಲೂ ಹಾಗೇ ಅಂತೆ. ಎರಡಕ್ಕೂ ಸಂಬಂಧ ಇದೆಯಾ?
(ಓದುಗ, ಕುಶಾಲನಗರ)

ಉತ್ತರ: ಇದೆ. ನಿಮ್ಮ ಅಜ್ಜ ಸರಿಯಾಗಿಯೇ ಹೇಳಿದ್ದಾರೆ. ಎರಡೂ ಹೊಡೆಯುವುದು 'ಬೇಡ' ಅನ್ನುವ ಸಂಕೇತವನ್ನು.

ಕಾಸರಕದ ಬೀಜದಲ್ಲಿರುವ ಸ್ಟ್ರಿಕ್ನಿನ್ ಬೆನ್ನುಹುರಿಯ ಕೋಶಗಳಲ್ಲಿ ಗ್ಲೈಸಿನ್ ಬಂದು ಕೂರುವ ಜಾಗವನ್ನು ತಾನೇ ಹಿಡಿದುಕೊಳ್ಳುತ್ತದೆ. ಗ್ಲೈಸಿನ್ ಬರುತ್ತದೆ, ಕೂರಲು ಜಾಗ ಇಲ್ಲ. ಕಳೆಯುವುದು ನಿಂತು ಕೂಡುವುದಷ್ಟೇ ಉಳಿಯುತ್ತದೆ. ಬಾಗಿಲು ಧಡ್ ಅಂದರೆ ಸಾಕು, ಯಾರೋ ಮೈ ಮುಟ್ಟಿದರೆ ಸಾಕು, ಎಲ್ಲ ಸ್ನಾಯುಗಳೂ ಒಮ್ಮೆಗೇ ಬಿಗಿಯುತ್ತವೆ. ಬೆನ್ನಿನ ಸ್ನಾಯುಗಳು ಬಲವಾದವು, ಅದಕ್ಕೇ ಮೈ ಹಿಂದಕ್ಕೆ ಬಾಗುತ್ತದೆ. ಎಚ್ಚರ ತಪ್ಪಿರುವುದಿಲ್ಲ, ಅದೇ ಘೋರ. ಉಸಿರಾಟದ ಸ್ನಾಯುಗಳೂ ಬಿಗಿದುಕೊಂಡರೆ ಉಸಿರುಕಟ್ಟಿ ಸಾವು.

ಧನುರ್ವಾಯುವಿನಲ್ಲಿ ಜಾಗ ಖಾಲಿ ಇರುತ್ತದೆ, ಬರಬೇಕಾದ ಗ್ಲೈಸಿನ್, ಗಾಬಾಗಳೇ ಬರುವುದಿಲ್ಲ. ಮಣ್ಣಿನಲ್ಲಿರುವ ಬ್ಯಾಕ್ಟೀರಿಯಾ ಗಾಯದೊಳಗೆ ಸೇರಿ ಮಾಡುವ ವಿಷ ನರದ ದಾರಿ ಹಿಡಿದು ಬೆನ್ನುಹುರಿ ತಲುಪಿ, 'ಬೇಡ' ಅನ್ನುವ ಕೋಶಗಳು ತಮ್ಮ ರಾಸಾಯನಿಕವನ್ನು ಹೊರಗೆ ಬಿಡದಂತೆ ಮಾಡುತ್ತದೆ. ಮೊದಲು ದವಡೆ ಕಚ್ಚಿಕೊಳ್ಳುವುದು, ಆಮೇಲೆ ಕುತ್ತಿಗೆ, ಬೆನ್ನು. ತೋಟದಲ್ಲಿ ಕತ್ತಿ ತಾಗಿಯೋ ತುಕ್ಕು ತಂತಿ ಚುಚ್ಚಿಯೋ ಗಾಯ ಆದವರನ್ನು ಟಿಟಿ ಇಂಜೆಕ್ಷನ್‌ಗೆ ಓಡಿಸುವುದು ಇದಕ್ಕೇ. ಒಮ್ಮೆ ನರಕೋಶದೊಳಗೆ ಸೇರಿದ ವಿಷವನ್ನು ಯಾವ ಔಷಧಿಯೂ ಹೊರಗೆ ತೆಗೆಯುವುದಿಲ್ಲ, ವಾರಗಟ್ಟಲೆ ಆಸ್ಪತ್ರೆಯಲ್ಲಿ ಮಲಗಿ ಅದರ ಪ್ರಭಾವ ಇಳಿಯುವುದನ್ನು ಕಾಯಬೇಕು.