ಪಾರ್ಟೇಕ್ ಬೇರೆ, ಪಾರ್ಟಿಸಿಪೇಟ್ ಬೇರೆಯೇ?

ನಿಮ್ಮ ಪ್ರಶ್ನೆ ಎರಡು: ಇಂಗ್ಲಿಷಿನ ಪಾರ್ಟೇಕ್ (partake) ಮತ್ತು ಪಾರ್ಟಿಸಿಪೇಟ್ (participate) ಒಂದೇನಾ, ಪಾರ್ಟೇಕ್ ಆದಮೇಲೆ ಇನ್ (in) ಬರಬೇಕೋ ಆಫ್ (of) ಬರಬೇಕೋ.

ಮೂಲದಲ್ಲಿ ಎರಡೂ ದಾಯಾದಿಗಳೇ. ಲ್ಯಾಟಿನ್‌ನಲ್ಲಿ ಪಾರ್ಸ್ ಅಂದರೆ ಪಾಲು, ಕಾಪೆರೆ ಅಂದರೆ ತೆಗೆದುಕೊಳ್ಳುವುದು. ಎರಡೂ ಸೇರಿ ಪಾರ್ಟಿಕೆಪ್ಸ್, ಅಂದರೆ ಪಾಲುಗಾರ. ಪಾರ್ಟಿಸಿಪೇಟ್ ಬಂದಿದ್ದು ನೇರವಾಗಿ ಅಲ್ಲಿಂದಲೇ.

ಪಾರ್ಟೇಕ್ ಕಥೆ ಇನ್ನೂ ಚೆಂದ. ಇಂಗ್ಲಿಷಿನವರು ಆ ಲ್ಯಾಟಿನ್ ಪದವನ್ನೇ ಬಿಡಿಸಿ ಪಾರ್ಟ್-ಟೇಕರ್ ಎಂದು ಅನುವಾದಿಸಿಕೊಂಡರು. ಆಡುತ್ತಾ ಆಡುತ್ತಾ ನಡುವಿನ ಎರಡು ಟಕಾರ ಒಂದಾಗಿ ಪಾರ್ಟೇಕರ್ ಆಯಿತು. ಕ್ರಿಯಾಪದ ಹುಟ್ಟಿದ್ದು ಆಮೇಲೆ, 16ನೇ ಶತಮಾನದಲ್ಲಿ, ಬಾಲದ ‘ಅರ್’ ಕತ್ತರಿಸಿ. ಎಡಿಟರ್‌ನಿಂದ ಎಡಿಟ್ ಬಂದಿದ್ದೂ ಹೀಗೇ. ಸಾಮಾನ್ಯವಾಗಿ ಕ್ರಿಯಾಪದದಿಂದ ನಾಮಪದ ಬರುತ್ತದೆ, ಇಲ್ಲಿ ಉಲ್ಟಾ. ಭೂತಕಾಲ ಮಾತ್ರ ಟೇಕ್‌ನದ್ದೇ: ಪಾರ್ಟುಕ್, ಪಾರ್ಟೇಕನ್.

ಬಳಕೆಗೆ ಬಂದರೆ, ಚರ್ಚೆಯಲ್ಲೋ ಆಟದಲ್ಲೋ ಭಾಗವಹಿಸಿದರೆ ಪಾರ್ಟೇಕ್ ಇನ್. ಊಟ, ಪಾನೀಯ ಸೇವಿಸಿದರೆ ಪಾರ್ಟೇಕ್ ಆಫ್. ಆ ಜಾಗದಲ್ಲಿ ಪಾರ್ಟಿಸಿಪೇಟ್ ಹಾಕಿದರೆ ತಪ್ಪು. ಪಾರ್ಟೇಕ್ ಆಫ್‌ಗೆ ಇನ್ನೊಂದು ಅರ್ಥವೂ ಇದೆ, ಒಂದು ಗುಣದ ಛಾಯೆ ಇರುವುದು. ಒಬ್ಬರ ಮಾತಿನಲ್ಲಿ ಸ್ವಲ್ಪ ಒರಟುತನ ಇದ್ದರೆ ಆ ಮಾತು ಒರಟುತನವನ್ನು ‘ಪಾರ್ಟೇಕ್ ಆಫ್’ ಮಾಡುತ್ತದೆ ಅನ್ನಬಹುದು. ಹಳೆಯ ಗದ್ಯ ಓದುವಾಗ ಇದು ಗೊತ್ತಿರಲೇಬೇಕು, ಇಲ್ಲದಿದ್ದರೆ ವಾಕ್ಯ ಬಗೆಹರಿಯುವುದಿಲ್ಲ.

ದಿನನಿತ್ಯದ ಇಮೇಲ್‌ಗೆ ಪಾರ್ಟೇಕ್ ಬೇಡ, ತೀರಾ ಗ್ರಾಂಥಿಕ ಅನಿಸುತ್ತದೆ. ಟೇಕ್ ಪಾರ್ಟ್ ಇನ್ ಅಂತಲೇ ಬರೆಯಿರಿ.