ಗ್ರೀಕರ ಆಳ್ವಿಕೆಯಲ್ಲಿ ಈಜಿಪ್ಟಿನ ಸಾಮಾನ್ಯ ಜನರ ಬದುಕು ಹೇಗಿತ್ತು?

ಕ್ರಿ.ಪೂ. 332ರಲ್ಲಿ ಅಲೆಕ್ಸಾಂಡರನು ಈಜಿಪ್ಟನ್ನು ವಶಪಡಿಸಿಕೊಂಡನು; ಅವನ ಮರಣದ ನಂತರ ಸೇನಾನಿ ಟಾಲೆಮಿಯ ವಂಶವು ಕ್ರಿ.ಪೂ. 30ರವರೆಗೆ ಆಳಿತು. ಈ ಅರಸರು ಹಳೆಯ ದೇವಾಲಯಗಳನ್ನೂ ಗ್ರಾಮಾಡಳಿತವನ್ನೂ ಕೆಡವದೆ, ಅವುಗಳ ಮೇಲೆಯೇ ಗ್ರೀಕ್ ಲೆಕ್ಕಪತ್ರ, ನಾಣ್ಯ ಮತ್ತು ತೆರಿಗೆ ಗುತ್ತಿಗೆಯನ್ನು ಕಟ್ಟಿದರು.

ಅವರ ಹಿಡಿತ ಎಷ್ಟು ಬಿಗಿಯಾಗಿತ್ತೆಂಬುದಕ್ಕೆ ಎಣ್ಣೆಯ ವ್ಯಾಪಾರವೇ ಸಾಕ್ಷಿ. ಎರಡನೆಯ ಟಾಲೆಮಿಯ ಕಾಲದ, ಕ್ರಿ.ಪೂ. 259ರ ಪಪೈರಸ್ ಸುರುಳಿಯೊಂದರ ಪ್ರಕಾರ, ಎಳ್ಳು ಮತ್ತು ಹರಳನ್ನು ಎಷ್ಟು ಬಿತ್ತಬೇಕೆಂಬುದನ್ನು ಸರ್ಕಾರವೇ ಗೊತ್ತುಮಾಡುತ್ತಿತ್ತು, ಫಸಲನ್ನು ಅದು ಹೇಳಿದ ಬೆಲೆಗೇ ಕೊಡಬೇಕಿತ್ತು, ಕೆಲಸವಿಲ್ಲದ ದಿನಗಳಲ್ಲಿ ಗಾಣಗಳಿಗೆ ಮುದ್ರೆ ಒತ್ತಿಡಲಾಗುತ್ತಿತ್ತು.

ಫಯೂಮ್ ಪ್ರದೇಶದಲ್ಲಿ ಜೌಗು ನೆಲವನ್ನು ಹಸನುಗೊಳಿಸಿ ಗ್ರೀಕ್ ಸೈನಿಕರಿಗೆ ಜಮೀನು ಹಂಚಲಾಯಿತು. ಉಳುವವರು ಬಹುಮಟ್ಟಿಗೆ ಈಜಿಪ್ಟಿನವರು. ಜನಾಂಗಭೇದದ ನೋವನ್ನು ಝೆನಾನ್ ಎಂಬ ಮೇಲ್ವಿಚಾರಕನ ಕಡತದಲ್ಲಿ ಉಳಿದಿರುವ ಪತ್ರವೊಂದು ಕಣ್ಣಿಗೆ ಕಟ್ಟುವಂತೆ ತೋರಿಸುತ್ತದೆ: ಗ್ರೀಕನಲ್ಲದ ಕೆಲಸಗಾರನೊಬ್ಬ, ತಾನು ಗ್ರೀಕರಂತೆ ನಡೆದುಕೊಳ್ಳಲಾರೆನೆಂಬ ಕಾರಣಕ್ಕೆ ತನ್ನನ್ನು ಕೀಳಾಗಿ ಕಾಣುತ್ತಾರೆ, ಸಂಬಳದ ಬದಲು ಹುಳಿ ದ್ರಾಕ್ಷಾರಸ ಕೊಡುತ್ತಾರೆ ಎಂದು ಅದರಲ್ಲಿ ಗೋಳು ತೋಡಿಕೊಂಡಿದ್ದಾನೆ. ಆದರೂ ಈ ಗೋಡೆ ದಾಟಲಾಗದ್ದೇನೂ ಆಗಿರಲಿಲ್ಲ ಎಂಬುದು ನನ್ನ ಅಭಿಪ್ರಾಯ. ಕ್ರಿ.ಪೂ. ಎರಡನೆಯ ಶತಮಾನದ ಕೊನೆಯಲ್ಲಿ ಕೆರ್ಕಿಯೊಸಿರಿಸ್ ಹಳ್ಳಿಯ ಲೆಕ್ಕ ಬರೆಯುತ್ತಿದ್ದ, ನಮ್ಮ ಶಾನುಭೋಗರನ್ನು ನೆನಪಿಸುವ ಮೆಂಕೆಸ್ ಎಂಬಾತನಿಗೆ ಗ್ರೀಕ್ ಹೆಸರೂ ಇತ್ತು.

ಹೊರೆ ಮಿತಿಮೀರಿದಾಗ ರೈತರು ಹೊಲ ಬಿಟ್ಟು ದೇವಾಲಯಗಳಲ್ಲಿ ಆಶ್ರಯ ಪಡೆಯುತ್ತಿದ್ದರು. ಕ್ರಿ.ಪೂ. 205ರ ಸುಮಾರಿಗೆ ದಕ್ಷಿಣ ಈಜಿಪ್ಟಿನ ಥೀಬ್ಸ್ ಸೀಮೆ ದಂಗೆಯೆದ್ದು, ಸುಮಾರು 20 ವರ್ಷ ತನ್ನದೇ ಫೇರೋಗಳನ್ನು ಪಟ್ಟಕ್ಕೇರಿಸಿಕೊಂಡಿತ್ತು.